ಮೊಬೈಲು ಓದಿದ ಕೊನೆಯ ಪುಟ

ಹಿಂದಿ ಮೇಷ್ಟ್ರಿಗೆ ಮೈಯೆಲ್ಲ ಉರಿಯುತ್ತಿತ್ತು. ಇಪ್ಪತ್ತೆರಡು ವರ್ಷ, ಒಂದು ಭಾನುವಾರವೂ ತಪ್ಪದೆ, ಊಟವಾದ ಮೇಲೆ ಹಿಂದಿ ಮಾಸಪತ್ರಿಕೆಯ ಸಣ್ಣಕಥೆಯೊಂದನ್ನು ಹೆಂಡತಿಗೆ ಓದಿ ಹೇಳುತ್ತಿದ್ದವರು ಅವರು. ಆಕೆಗೆ ಹಿಂದಿ ಕೇಳಿದರೆ ತಿಳಿಯುತ್ತಿತ್ತು, ಅಕ್ಷರ ಮಾತ್ರ ಬರುತ್ತಿರಲಿಲ್ಲ. ಹಾಗಾಗಿ ಇಡೀ ಹಿಂದಿ ಕಥಾಸಾಮ್ರಾಜ್ಯಕ್ಕೆ ಆ ಮನೆಯಲ್ಲಿ ಇದ್ದದ್ದು ಒಂದೇ ಬಾಗಿಲು. (ಅದಕ್ಕೆ ದ್ವಾರಪಾಲಕರೂ ಮೇಷ್ಟ್ರೇ.)

ಈಗ ಮಗಳು ಅಮ್ಮನ ಮೊಬೈಲಿಗೆ ಆ ಪತ್ರಿಕೆಯ ಹಳೆಯ, ಹೊಸ ಕಥೆಗಳನ್ನೆಲ್ಲ ಗಟ್ಟಿಯಾಗಿ ಓದಿ ಹೇಳುವ ಆ್ಯಪ್ ಹಾಕಿಕೊಟ್ಟಿದ್ದಳು. ಹೆಂಡತಿ ಹೊಲಿಗೆ ಯಂತ್ರದ ಮುಂದೆ ಕುಳಿತು, ಗಿರಾಕಿಗಳ ಬಟ್ಟೆ ಹೊಲಿಯುತ್ತಲೇ ದಿನಕ್ಕೆ ನಾಲ್ಕು ಕಥೆ ಮುಗಿಸುತ್ತಿದ್ದಳು. ಅದೂ ಒಂದೂವರೆ ಪಟ್ಟು ವೇಗದಲ್ಲಿ.

“ಕಥಾನಾಯಕೀನ ನೆಮ್ಮದಿಯಾಗಿ ಸಾಯೋಕೂ ಬಿಡಲ್ವಲ್ಲೇ ನೀನು. ನಾನು ಓದುವಾಗ ಅವಳು ಸಾಯೋಕೆ ಕಾಲು ಗಂಟೆ ತಗೋತಿದ್ಲು.”

“ಅದರಲ್ಲಿ ಹತ್ತು ನಿಮಿಷ ನೀವು ಗಂಟಲು ಸರಿಮಾಡ್ಕೋತಿದ್ರಿ.”

ಮೇಷ್ಟ್ರು ಕೆರಳಿದರು. ಯಂತ್ರಕ್ಕೆ ಅಲ್ಪವಿರಾಮ ಗೊತ್ತೇ, ಭಾವ ಗೊತ್ತೇ ಎಂದು ಅರ್ಧ ಗಂಟೆ ಉಪನ್ಯಾಸ ಮಾಡಿದರು. ಕೊನೆಗೆ, ತಾವು ಹಿಂದೆ ಓದಿದ ಕಥೆಯನ್ನೇ ಅದು ಓದಲಿ, ಎಲ್ಲೆಲ್ಲಿ ಕೆಡಿಸುತ್ತದೆಂದು ತೋರಿಸುತ್ತೇನೆ ಎಂದು ಸವಾಲು ಹಾಕಿದರು. ಗಂಡನ ಜೊತೆ ಜಗಳವಾಡಿ ಮನೆ ಬಿಟ್ಟ ದಾದಿಯ ಕಥೆಯನ್ನು ಹೆಂಡತಿ ಮೊಬೈಲಿಗೆ ಹೆಸರು ಹೇಳಿ ಹುಡುಕಿ ಹಚ್ಚಿದಳು.

ಮೊಬೈಲು ಎಲ್ಲೂ ಎಡವಲಿಲ್ಲ. ಕೊನೆಯ ಪುಟ ಬರುವಷ್ಟರಲ್ಲಿ ಮೇಷ್ಟ್ರಿಗೆ ಏನೋ ನೆನಪಾಯಿತು. ನಿಲ್ಲಿಸಲು ಕೈ ಚಾಚಿದರು, ತಡವಾಗಿತ್ತು. ದಾದಿ ಆಸ್ಪತ್ರೆಯ ಹತ್ತಿರ ಕೋಣೆ ಹಿಡಿದಳು. ಕರೆಯಲು ಬಂದ ಗಂಡನಿಗೆ ನೀರು ಕೊಟ್ಟು ಬಾಗಿಲು ಹಾಕಿಕೊಂಡಳು. ಕಥೆ ಮುಗಿಯಿತು.

ಹೊಲಿಗೆ ಯಂತ್ರ ನಿಂತಿತು.

“ನೀವು ಓದಿದಾಗ ಅವಳು ವಾಪಸ್ ಬಂದು ಗಂಡನ ಕಾಲು ಹಿಡ್ಕೊಂಡು ಅತ್ತಿದ್ಲಲ್ರೀ?”

“ಅದು... ಮನೆಯ ಶಾಂತಿಗೋಸ್ಕರ ಸ್ವಲ್ಪ...”

ಹೆಂಡತಿ ಅಟ್ಟದಿಂದ ಹಳೆಯ ಪತ್ರಿಕೆಗಳ ಕಟ್ಟನ್ನಿಳಿಸಿ, ಮಗಳಿಂದ ಹೆಸರುಗಳನ್ನು ಓದಿಸಿಕೊಂಡು, ಒಂದೊಂದಾಗಿ ಮೊಬೈಲಿನಲ್ಲಿ ಕೇಳಿದಳು. ವಾರದೊಳಗೆ ಒಂಬತ್ತು ಕಥಾನಾಯಕಿಯರು ಗಂಡನ ಮನೆ ಬಿಟ್ಟು ಹೊರಟರು. ಮೂವರು ಕೆಲಸಕ್ಕೆ ಸೇರಿದರು. ಮೇಷ್ಟ್ರ ಓದಿನಲ್ಲಿ ಕ್ಷಮೆ ಕೇಳಿದ್ದ ಒಬ್ಬಳಂತೂ ಮೂಲದಲ್ಲಿ ಗಂಡನ ಹಾಸಿಗೆಯನ್ನೇ ಬೀದಿಗೆಸೆದಿದ್ದಳು.

ಮುಂದಿನ ಭಾನುವಾರ ಮೇಷ್ಟ್ರು ಪತ್ರಿಕೆ ಮುಟ್ಟುವ ಧೈರ್ಯ ಮಾಡಲಿಲ್ಲ. ಹೆಂಡತಿಯೇ ಅದನ್ನು ತಂದು ಅವರ ಮಡಿಲಿಗೆ ಹಾಕಿದಳು. ಎದುರಿಗೆ ಕುಳಿತು, ಒಂದು ಕಿವಿಗೆ ಮಾತ್ರ ಮೊಬೈಲಿನ ಇಯರ್‌ಫೋನ್ ಸಿಕ್ಕಿಸಿಕೊಂಡಳು.

“ಓದಿ. ಈ ಕಿವೀಲಿ ಅದನ್ನ ಕೇಳ್ತೀನಿ, ಆ ಕಿವೀಲಿ ನಿಮ್ಮನ್ನ. ಎಲ್ಲಿ ಬೇರೆಯಾಗುತ್ತೋ, ಅಲ್ಲಿಂದ ಮತ್ತೆ ಓದ್ಬೇಕು.”