ಝಾರಾ ಮೂನ್ ಸೆಂಟಿನ ಮೂವತ್ತು ಡಬ್ಬಿಗಳು

ಫ್ರೆಡ್ರಿಕ್ ಅಡುಗೆಮನೆಯ ಬಾಗಿಲು ಹಾಕಿಕೊಂಡು, ಸದ್ದಿಲ್ಲದೆ ಸೆಂಟಿನ ಡಬ್ಬಿಗಳ ಮೇಲೆ ಕಪ್ಪು ಮಾರ್ಕರ್ ಎಳೆಯುತ್ತಿದ್ದ. ಒಟ್ಟು ಮೂವತ್ತು ಡಬ್ಬಿ. ಎಲ್ಲದರ ಮೇಲೂ ಝಾರಾ ಮೂನ್ ಎಂಬ ನಟಿಯ ಫೋಟೊ, ಅದರಡಿ ಅವಳ ಸಹಿ.

ಅವನ್ನು ಗಲ್ಫಿನಲ್ಲಿರುವ ಊರಿನವರ ಸಂಘದ ವಾರ್ಷಿಕೋತ್ಸವದ ಬಹುಮಾನಕ್ಕೆಂದು, ಶರ್ಕ್ ಪೇಟೆಯ ಸೆಂಟಿನಂಗಡಿಯಲ್ಲಿ ಕೆಲಸಕ್ಕಿರುವ ಜೋಯ್ಸ್ ಕಳಿಸಿದ್ದಳು. ಅಂದು ಸಂಜೆ ಫ್ರೆಡ್ರಿಕ್ ಅಧ್ಯಕ್ಷನಾಗುವವನಿದ್ದ. ಝಾರಾ ಎಂಥ ಸಿನಿಮಾಗಳವಳೆಂದು ಅವನಿಗೆ ಗೊತ್ತಿತ್ತು. ಮದುವೆಗೆ ಮುಂಚೆ, ಬ್ಯಾಚುಲರ್ ರೂಮಿನಲ್ಲಿ ಕರ್ಟನ್ ಎಳೆದು ನೋಡಿದಂಥವು. ಅಂಥವಳ ಸೆಂಟನ್ನು ಸಂಘದ ಹಿರಿಯ ಹೆಂಗಸು ಸಿಸಿಲಿಯಾ ಬಾಯಿಯ ಕೈಗಿಟ್ಟರೆ ಅಧ್ಯಕ್ಷಗಿರಿ ಖಲಾಸ್. ವಾಪಸು ಕಳಿಸಿದರೆ ಜೋಯ್ಸ್ ಯಾಕೆಂದು ಕೇಳುತ್ತಾಳೆ.

ಊರಿನಿಂದ ಬರುವ ಪತ್ರಿಕೆಗಳಲ್ಲಿ ನಟಿಯರ ಮೈಗೆ ಇಲ್ಲಿ ಕಪ್ಪು ಬಳಿಯುವುದನ್ನು ಎಲ್ಲರೂ ಕಂಡವರೇ. ಕೇಳಿದರೆ ಸೆನ್ಸಾರಿನವರದ್ದು ಎಂದರಾಯಿತು.

ಸಂಜೆ ಮೊದಲ ಬಹುಮಾನ ಸಿಸಿಲಿಯಾ ಬಾಯಿಗೇ ಬಂತು.

"ಎಂತ ಫ್ರೆಡ್ರಿಕ್ ಇದು? ಸುಟ್ಟ ದೋಸೆಯ ಹಾಗುಂಟು."

"ಸೆನ್ಸಾರಿನವರು ಬಾಯಿ. ಇಲ್ಲಿಯ ರೂಲ್ಸು."

"ಅಂಗಡಿಯಿಂದ ಕಳಿಸುವಾಗ ಕ್ಲೀನ್ ಇತ್ತಲ್ಲ ಅಂಕಲ್?" ಎಂದು ಜೋಯ್ಸ್ ಮೊಬೈಲಿನಲ್ಲಿದ್ದ ಫೋಟೊ ತೋರಿಸಿದಳು. ಝಾರಾ ರೇಷ್ಮೆ ಸೀರೆ ಉಟ್ಟು ಕೈಮುಗಿದು ನಿಂತಿದ್ದಳು.

"ಇವಳು ನಮ್ಮ ಝಾರಾ ಅಲ್ವಾ?" ಎಂದರು ಸಿಸಿಲಿಯಾ ಬಾಯಿ. "ಡ್ಯಾನ್ಸ್ ಶೋದ ಜಡ್ಜ್. ನನ್ನ ಮೊಮ್ಮಗಳ ಲಂಚ್ ಬಾಕ್ಸಿನಲ್ಲಿಯೂ ಇವಳೇ. ಮೊನ್ನೆ ಟಿವಿಯಲ್ಲಿ ಹಲ್ವ ಮಾಡಿ ತೋರಿಸಿದಳು."

ಹೆಂಗಸರು ಮುತ್ತಿಕೊಂಡರು. ಒಬ್ಬಳ ಬ್ಯಾಗಿನಿಂದ ಝಾರಾ ಲಿಪ್‌ಸ್ಟಿಕ್ಕೂ ಹೊರಬಂತು. ಗಂಡಸರೆಲ್ಲ ಒಮ್ಮೆಲೇ ಏಸಿಯನ್ನು ರಿಪೇರಿಗೆ ಬಂದವರಂತೆ ನೋಡತೊಡಗಿದರು.

"ನಾನಂತೂ ಇವಳನ್ನು ನೋಡಿಯೇ ಇಲ್ಲ," ಎಂದ ಅಧ್ಯಕ್ಷಗಿರಿಗೆ ಎದುರಾಳಿಯಾದ ಮೋರಿಸ್. ಅವನನ್ನು ಯಾರೂ ಕೇಳಿರಲಿಲ್ಲ.

ಫ್ರೆಡ್ರಿಕ್ ತಡೆಯಲಾರದೆ ಪಿಸುಗುಟ್ಟಿದ: "ಬಾಯಿ, ಅವಳು ಮೊದಲು ಎಂಥ ಸಿನಿಮಾ ಮಾಡುತ್ತಿದ್ದಳು ಗೊತ್ತುಂಟಾ?"

"ಗೊತ್ತುಂಟಲ್ಲ ಮಾರಾಯ. ಅವಳೇ ಟಿವಿಯಲ್ಲಿ ಹೇಳಿದ್ದು. ನಾವೆಲ್ಲ ಒಟ್ಟಿಗೆ ಕೂತು ಕೇಳಿದ್ದೇವೆ. ಪಾಪ, ಮುಚ್ಚುಮರೆ ಇಲ್ಲದ ಹುಡುಗಿ."

ಪಕ್ಕದಲ್ಲಿದ್ದ ಹೆಂಡತಿ ಲಿಜ್ಜಿ ಮೆಲ್ಲಗೆ ಕೇಳಿದಳು: "ನೀವು ಟಿವಿಯಲ್ಲಿ ನ್ಯೂಸ್ ಬಿಟ್ಟು ಬೇರೆ ನೋಡುವುದಿಲ್ಲವಲ್ಲ. ನಿಮಗೆ ಗುರುತು ಸಿಕ್ಕಿದ್ದು ಹೇಗೆ?"

ಹತ್ತು ನಿಮಿಷದಲ್ಲಿ ಮೋರಿಸ್ ಅಧ್ಯಕ್ಷನಾದ. ಮುಂದಿನ ವರ್ಷ ಝಾರಾಳೇ ಮುಖ್ಯ ಅತಿಥಿಯಾಗಲಿ ಎಂದರು ಸಿಸಿಲಿಯಾ ಬಾಯಿ. ಹೆಂಗಸರೆಲ್ಲ ಕೈ ಎತ್ತಿದರು.

"ಅವಳ ಪರಿಚಯ ಭಾಷಣ ಫ್ರೆಡ್ರಿಕ್ ಮಾಡಲಿ," ಎಂದ ಮೋರಿಸ್. "ಅವಳ ಕೆಲಸವನ್ನು ಶುರುವಿನಿಂದ ಬಲ್ಲವರು ನಮ್ಮಲ್ಲಿ ಅವರೊಬ್ಬರೇ."

ಚಪ್ಪಾಳೆ ಬಿತ್ತು. ಎಲ್ಲರಿಗಿಂತ ಜೋರಾಗಿ ತಟ್ಟಿದವರು ಗಂಡಸರು.

"ಲಿಜ್ಜಿ," ಎಂದ ಫ್ರೆಡ್ರಿಕ್, "ಮನೆಗೆ ಹೋಗುವ."