ಬೇಡದ್ದನ್ನು ತೆಗೆಯುವ ಕಸುಬು

ಸಿನಿಮಾ, ಧಾರಾವಾಹಿಗಳ ಸಂಕಲನ ನನ್ನ ಹೊಟ್ಟೆಪಾಡು. ಅಂದರೆ ಯಾರೋ ಚಿತ್ರೀಕರಿಸಿದ್ದರಲ್ಲಿ ಬೇಡದ್ದನ್ನು ತೆಗೆದು, ಬೇಕಾದ್ದನ್ನು ಜೋಡಿಸುವುದು. ಬೇಡದ್ದು ಯಾವುದು ಎನ್ನುವುದರಲ್ಲಿ ಮಾತ್ರ ನನಗೂ ನಮ್ಮ ಜನಕ್ಕೂ ಇಪ್ಪತ್ತು ವರ್ಷವಾದರೂ ಹೊಂದಾಣಿಕೆಯಾಗಿಲ್ಲ. ಹಾಗಾಗಿ ಊರಿನ ಕಡೆ ಮುಖ ಹಾಕಿದಾಗಲೆಲ್ಲ ಏನಾದರೊಂದು ಆಗುತ್ತಲೇ ಇರುತ್ತದೆ.

೧. ಮೂರು ಸಲದ ಮುಖ

ಧಾರಾವಾಹಿಯ ಕಂತು ಒಂದೆರಡು ನಿಮಿಷ ಕಡಿಮೆ ಬಿದ್ದರೆ ನಮಗಿರುವ ಉಪಾಯ ಒಂದೇ. ಅತ್ತೆ ಗುಟ್ಟು ಕೇಳಿಸಿಕೊಂಡು ಬೆಚ್ಚಿದಳು ಎನ್ನಿ, ಅವಳ ಮುಖವನ್ನು ಮೂರು ಸಲ ತೋರಿಸಿ ಮೂರು ಸಲವೂ ಗುಡುಗು ಹಾಕುವುದು. ಒಳಗೊಳಗೇ ನನಗೆ ನಾಚಿಕೆ. ಒಂದು ದಿನ ತುರುವನೂರಿನಿಂದ ಅವ್ವ ಫೋನ್ ಮಾಡಿದಳು.

“ಅತ್ತೆ ಮುಖ ಮೂರ್ ಸಲ ತೋರ್ಸೋದು ನೀನೇ ಏನೋ?”

ಬೈಗುಳಕ್ಕೆ ಸಿದ್ಧನಾಗಿ ಹೂಂ ಅಂದೆ.

“ನಾಳೆಯಿಂದ ನಾಕ್ ಸಲ ತೋರ್ಸಪ್ಪ. ಮೊದಲ್ನೇ ಸಲ ನಾನು ಒಲೆ ಮುಂದಿರ್ತೀನಿ. ಎರಡ್ನೇದಕ್ಕೆ ಕೈ ತೊಳ್ಕಂಡು ಏಳ್ತೀನಿ. ಮೂರ್ನೇದು ನಾನೇನೋ ನೋಡ್ತೀನಿ, ಪಕ್ಕದ್ಮನೆಯಾಕೆಗೆ ಮಂಡಿನೋವು. ಪಾಪ, ಆಕೆ ಹೊಸಲು ದಾಟೋದ್ರಾಗೆ ಮುಗ್ದೇ ಹೋಗಿರ್ತೈತೆ.”

೨. ತೆರೆಯ ಮೇಲೆ ಹೆಸರು

ನಾನು ಸಂಕಲನ ಮಾಡಿದ ಮೊದಲ ಸಿನಿಮಾ ಚಿತ್ರದುರ್ಗಕ್ಕೆ ಬಂತು. ಆರಂಭದ ಹೆಸರುಗಳು ಉದ್ದವಾದವೆಂದು ನಿರ್ಮಾಪಕರು ಗೊಣಗಿದ್ದರಿಂದ ಎಲ್ಲವನ್ನೂ ನಾನೇ ಚಕಚಕನೆ ಓಡಿಸಿದ್ದೆ. ಅಪ್ಪ ಹನ್ನೊಂದು ಜನ ನೆಂಟರನ್ನು ಟೆಂಪೋದಲ್ಲಿ ತುಂಬಿಕೊಂಡು ಬಂದ. ಕತ್ತಲಲ್ಲಿ ಒಬ್ಬರ ಕಾಲನ್ನೊಬ್ಬರು ತುಳಿದುಕೊಂಡು ಅವರೆಲ್ಲ ಸೀಟು ಹಿಡಿದು ಕೂತಾಗ ತೆರೆಯ ಮೇಲೆ ನಾಯಕ ಆಗಲೇ ಕುಣಿಯುತ್ತಿದ್ದ.

“ನಿನ್ನ ಹೆಸರು ಯಾವಾಗ ಬರ್ತೈತೆ?” ಅಂದ ಅಪ್ಪ.

“ಬಂದು ಹೋತಪ್ಪ.”

ಅಪ್ಪ ಎದ್ದು ನಿಂತು ಇಡೀ ಟಾಕೀಸಿಗೆ ಕೇಳುವಂತೆ, “ಅದ್ಯಾವ ಬೇಕೂಫ ಲೇ ಹಂಗ್ ಓಡ್ಸಿದ್ದು? ತೋರ್ಸು ಅವ್ನ!” ಅಂದ. ನಾನು ಚಪ್ಪಲಿ ಹುಡುಕುವವನಂತೆ ಬಗ್ಗಿದೆ.

೩. ಇಪ್ಪತ್ತೈದು ನಿಮಿಷದ ಮದುವೆ

ಹಿರಿಯೂರು ಕಡೆ ಹರಿಯಬ್ಬೆಯಲ್ಲಿ ನನ್ನ ಸೋದರಮಾವ ಇದ್ದಾನೆ. ಮಗಳ ಮದುವೆ ವಿಡಿಯೋವನ್ನು ನೀನೇ ಚೆಂದ ಮಾಡಿಕೊಡು ಅಂದ. ಐದು ಗಂಟೆಯ ಚಿತ್ರೀಕರಣವಿತ್ತು. ನಾನು ವಿದ್ಯೆಯನ್ನೆಲ್ಲ ಸುರಿದು ಇಪ್ಪತ್ತೈದು ನಿಮಿಷಕ್ಕೆ ಇಳಿಸಿದೆ. ನೆಂಟರು ಸಾಲಾಗಿ ವೇದಿಕೆ ಹತ್ತಿ ಅಕ್ಷತೆ ಹಾಕಿ ಫೋಟೋಕ್ಕೆ ನಿಂತಿದ್ದನ್ನಂತೂ ಒಂದೇ ಏಟಿಗೆ ತೆಗೆದೆ. ನನ್ನ ಲೆಕ್ಕದಲ್ಲಿ ಅದು ಜೊಳ್ಳು.

ಮಾವನ ಪಡಸಾಲೆಯಲ್ಲಿ ಊರೇ ಕೂತು ನೋಡಿತು. ಮುಗಿದ ಮೇಲೂ ಯಾರೂ ಏಳಲಿಲ್ಲ.

“ಇಂಟ್ರುವಲ್ಲೇನಪ್ಪ?” ಅಂದಳು ಒಬ್ಬ ಅಜ್ಜಿ.

“ಇಲ್ಲಜ್ಜಿ, ಮುಗೀತು.”

“ಮತ್ತೆ ನಾನು?” ಅಂದಳು. ಹಿಂದಿನಿಂದ ನಲವತ್ತು ಬಾಯಿ ಅದನ್ನೇ ಕೇಳಿತು.

೪. ಒಂಬತ್ತು ನಿಮಿಷದ ಊಟ

ನಲವತ್ತು ಜನರದ್ದು ಹೇಗೋ ಸಂಭಾಳಿಸಬಹುದಿತ್ತು. ಆದರೆ ಮಾವನ ಅಣ್ಣ, ಅಂದರೆ ನನ್ನ ದೊಡ್ಡಮಾವ, ಆ ಗಲಾಟೆಯಲ್ಲೇ ಎದ್ದು ಹೋಗಿದ್ದ. ಹಿಂದೊಂದು ಲಗ್ನಪತ್ರಿಕೆಯಲ್ಲಿ ತನ್ನ ಹೆಸರು ಕೆಳಗಿನ ಸಾಲಿಗೆ ಬಿತ್ತೆಂದು ಎಂಟು ವರ್ಷ ತಮ್ಮನ ಮನೆ ಮೆಟ್ಟದ ಮನುಷ್ಯ ಅವನು. ಮಾವ ಕಾಲು ಹಿಡಿದು ಈ ಮದುವೆಗೆ ಕರೆತಂದಿದ್ದ. ಈಗ ವಿಡಿಯೋದಲ್ಲಿ ಅವನೇ ಇಲ್ಲ.

“ಎಂಟು ವರ್ಷಕ್ಕೆ ಬಂದಿದ್ದ ಕಣಪ್ಪ. ನೀನು ಇಪ್ಪತ್ತೈದು ನಿಮಿಷದಾಗೆ ಕಳ್ಸಿಬಿಟ್ಟೆ,” ಅಂದ ಮಾವ. ನನಗೆ ನಿಜಕ್ಕೂ ಬೇಜಾರಾಯಿತು.

ಐದು ಗಂಟೆಯನ್ನೂ ಮತ್ತೆ ಜಾಲಾಡಿದೆ. ವೇದಿಕೆಯ ಮೇಲೆ ದೊಡ್ಡಮಾವನದ್ದು ಬರೀ ಬೆನ್ನು. ಮುಖ ಕಂಡಿದ್ದು ಒಂದೇ ಕಡೆ, ಊಟದ ಪಂಕ್ತಿಯಲ್ಲಿ. ಕ್ಯಾಮೆರಾದವನು ಕ್ಯಾಮೆರಾವನ್ನು ಸ್ಟ್ಯಾಂಡಿಗೆ ಬಿಟ್ಟು ತಾನೂ ಊಟಕ್ಕೆ ಕೂತಿದ್ದ. ಅದರ ಎದುರಿಗೇ ದೊಡ್ಡಮಾವ, ಪೂರ್ತಿ ಒಂಬತ್ತು ನಿಮಿಷ. ಒಂದು ಕ್ಷಣವನ್ನೂ ಬಿಡದೆ ಸೇರಿಸಿದೆ. ಮದುಮಗಳಿಗೂ ಅಷ್ಟು ಹೊತ್ತು ಸಿಕ್ಕಿರಲಿಲ್ಲ.

ಪೆನ್‌ಡ್ರೈವ್ ಹಿಡಿದು ಮಾವನೊಂದಿಗೆ ದೊಡ್ಡಮಾವನ ಮನೆಗೆ ಹೋದೆ. “ಕುಂತ್ಕಳ್ರಿ” ಅಂದಳು ಅವನ ಹೆಂಡತಿ. ದೊಡ್ಡಮಾವ ತಮ್ಮನ ಮುಖ ನೋಡದೆ ಟಿವಿ ಮುಂದೆ ಕೂತ. ಊಟದ ದೃಶ್ಯ ಬಂದಿದ್ದೇ ಮುಖ ಅರಳಿತು. “ಬರ್ರಿ, ನೋಡ್ರಿ, ನಾನೇ!” ಅಂತ ಮನೆಮಂದಿಯನ್ನೆಲ್ಲ ಕರೆದ. ಮಾವ ನನ್ನ ತೊಡೆ ಚಿವುಟಿದ, ಗೆದ್ದೆವು ಅಂತ.

ತೆರೆಯ ಮೇಲೆ ಹೋಳಿಗೆ ಬಂತು. ದೊಡ್ಡಮಾವ ತುಪ್ಪ ಹಾಕಿಸಿಕೊಂಡು ತಿಂದ. ಇನ್ನೊಂದು ಬಂತು, ತಿಂದ. ಮೂರನೆಯದಕ್ಕೆ ತಾನೇ ಬಡಿಸುವವನನ್ನು ಕೂಗಿದ. ನಾಲ್ಕನೆಯದಕ್ಕೆ ಪಕ್ಕದವನ ಎಲೆಗೇ ಕೈ ಹಾಕಿದ.

ಬಾಗಿಲಲ್ಲಿ ನಿಂತಿದ್ದ ಹೆಂಡತಿ ಸೊಂಟದ ಮೇಲೆ ಕೈಯಿಟ್ಟಳು. “ಸಕ್ಕರೆ ಕಾಯಿಲೆ ಐತೆ, ಬರೀ ಮಜ್ಜಿಗೆ ಅನ್ನ ಉಂಡು ಬಂದೆ ಅಂದ್ರಲ್ರೀ?”

ಐದನೆಯ ಹೋಳಿಗೆ ಬರುವಷ್ಟರಲ್ಲಿ ದೊಡ್ಡಮಾವ ಎದ್ದು ಟಿವಿಗೆ ಅಡ್ಡ ನಿಂತ. ಆಮೇಲೆ ಸೀದಾ ಬಂದು ತಮ್ಮನ ಹೆಗಲ ಮೇಲೆ ಕೈಹಾಕಿ, ಎಂಟು ವರ್ಷದ ಪ್ರೀತಿಯನ್ನೆಲ್ಲ ದನಿಗೆ ತಂದುಕೊಂಡು ಹೇಳಿದ:

“ಲೇ ತಮ್ಮಾ, ಈ ಹುಡುಗ ಮೊದ್ಲು ಮಾಡಿದ್ದೇ ಸರಿ ಐತೆ ಕಣೋ. ಅದನ್ನೇ ಇಟ್ಕಳಾಣ.”