ಮಾವನ ಹೊಟ್ಟೆಯ ಸೆಸ್ಟೋಡು

ಜೂವಾಲಜಿಯಲ್ಲಿ ಬಿ.ಎಸ್ಸಿ. ಮಾಡಿ, ಹಂಚಿನ ಕಾರ್ಖಾನೆಯ ಆಫೀಸಿನಲ್ಲಿ ಹಂಚು ಎಣಿಸುವವನ ಸಂಕಟ ನಿಮಗೆ ಗೊತ್ತೇ? ಹಂಚಿಗೆ ಬೆನ್ನೆಲುಬಿಲ್ಲ, ಹೊಟ್ಟೆಯಿಲ್ಲ, ಲ್ಯಾಟಿನ್ ಹೆಸರೂ ಇಲ್ಲ! ಆದ್ದರಿಂದ ನಾನೊಂದು ಘೋರ ಪ್ರತಿಜ್ಞೆ ಮಾಡಿದ್ದೆ. ಕಲಿತ ವಿದ್ಯೆಗೆ ತುಕ್ಕು ಹಿಡಿಯಲು ಬಿಡುವುದಿಲ್ಲ. ಮಂಗಳೂರಿನ ಪಡೀಲಿನ ನನ್ನ ಮನೆಯೊಳಗೆ ನಡೆದು, ತೆವಳಿ, ಹಾರಿ ಬರುವ ಪ್ರತಿಯೊಂದು ಜೀವಿಯನ್ನೂ ಅದರ ಶಾಸ್ತ್ರೀಯ ನಾಮಧೇಯದಿಂದಲೇ ಕರೆಯುತ್ತೇನೆ! ಎಪ್ಪತ್ತರ ದಶಕ ಮುಗಿಯುತ್ತಾ ಬಂದಿತ್ತು. ಮನುಷ್ಯ ಚಂದ್ರನ ಮೇಲೆ ಕಾಲಿಟ್ಟು ಹಿಂದೆ ಬಂದು ಅದೂ ಹಳೆಯ ಸುದ್ದಿಯಾಗಿತ್ತು. ನನ್ನ ಮನೆಯಲ್ಲಿ ಮಾತ್ರ ಇನ್ನೂ ಬೂತಾಯಿ ಮೀನಿಗೆ ಬೂತಾಯಿ ಎನ್ನುತ್ತಿದ್ದರು!

"ಇವತ್ತು ಸಾರ್ಡಿನೆಲ್ಲಾ ಲಾಂಜಿಸೆಪ್ಸ್ ಪುಳಿಮುಂಚಿ ಸಾರು ಆಗಲಿ," ಎಂದರೆ ನನ್ನ ಹೆಂಡತಿ ಶಶಿಪ್ರಭಾ ಸೌಟು ಹಿಡಿದುಕೊಂಡೇ ಬಾಗಿಲಿಗೆ ಬರುತ್ತಿದ್ದಳು.

"ಆ ಹೆಸರು ಹೇಳಿ ಮೀನಿನವಳ ಹತ್ತಿರ ನೀವೇ ತನ್ನಿ. ಅವಳು ಬುಟ್ಟಿ ಇಳಿಸುವುದಿಲ್ಲ, ನಿಮ್ಮ ತಲೆಗೇ ಹಾಕ್ತಾಳೆ."

ಹಿತ್ತಲ ಗಿಡ ಮದ್ದಲ್ಲ ಎಂದು ಸುಮ್ಮನೆ ಹೇಳಿದ್ದಾರೆಯೇ?

ಕಡೆಗೊಂದು ದಿನ ಪ್ರಾಣಿಶಾಸ್ತ್ರ ನನ್ನನ್ನೇ ಹುಡುಕಿಕೊಂಡು ಬಂತು. ಹೊರಗಿನಿಂದಲ್ಲ, ಒಳಗಿನಿಂದ! ತಿಂದಷ್ಟೂ ಹಸಿವು, ಹಸಿದಷ್ಟೂ ಹೊಟ್ಟೆನೋವು. ಹಂಪನಕಟ್ಟೆಯ ಡಾಕ್ಟರು ಪರೀಕ್ಷೆ ಮಾಡಿಸಿ, ಕನ್ನಡಕ ತೆಗೆದು ನಕ್ಕರು.

"ಹುಳ ಮಾರಾಯ್ರೆ, ಲಾಡಿಹುಳ. ಹೆದರ್ಲಿಕ್ಕೆ ಎಂತದೂ ಇಲ್ಲ. ಮಾತ್ರೆ ಬೊಂಬಾಯಿಯಿಂದ ಬರ್ಬೇಕು, ಬಂದ ಕೂಡಲೇ ಕೊಡ್ತೇನೆ. ಅಲ್ಲ, ಸರಿ ಬೇಯದ ಹಂದಿಮಾಂಸ ಎಲ್ಲಿ ಸಿಕ್ಕಿತು ನಿಮಗೆ?"

ಎಲ್ಲಿ ಸಿಕ್ಕಿತು? ಬಿಜೈಯಲ್ಲಿ ಸಿಕ್ಕಿತು! ನನ್ನ ಜೊತೆ ಕೆಲಸ ಮಾಡುವ ಕಜೆಟನನ ತಂಗಿಯ ಮದುವೆಯ ಹಿಂದಿನ ದಿನ ಅವರ ಅಂಗಳದಲ್ಲಿ ದೊಡ್ಡ ಹಂಡೆಯಲ್ಲಿ ಹಂದಿಮಾಂಸ ಕುದಿಯುತ್ತಿತ್ತು. "ರೈಗಳೇ, ಸ್ವಲ್ಪ ಉಪ್ಪು ನೋಡಿ," ಎಂದ ಕಜೆಟನ್. ನೋಡಿದೆ. ಸರಿಯಾಗಿ ಗೊತ್ತಾಗಲಿಲ್ಲ. ಇನ್ನೊಂದು ತುಂಡಿನಲ್ಲಿ ನೋಡಿದೆ. "ಬೇಯ್ಲಿ ಸ್ವಾಮೀ, ತಡೀರಿ!" ಎಂದು ಅವನ ಹೆಂಡತಿ ಮಗ್ದಲೀನ್ ಬೊಬ್ಬೆ ಹೊಡೆಯುತ್ತಲೇ ಇದ್ದಳು. ಮಾಂಸ ಬೇಯುವಷ್ಟರಲ್ಲಿ ನನ್ನ ಉಪ್ಪಿನ ಪರೀಕ್ಷೆಯೂ ಮುಗಿದಿತ್ತು, ಊಟವೂ ಮುಗಿದಿತ್ತು.

ಇದನ್ನು ಮನೆಯಲ್ಲಿ ಹೇಳುವುದು ಹೇಗೆ? ನಮ್ಮ ಮನೆತನದ ದೈವ ಪಂಜುರ್ಲಿ. ಹಂದಿಯ ರೂಪದಲ್ಲಿ ಬಂದು ಕಾಯುವ ದೈವವನ್ನು ನಂಬಿದ ಮನೆಯಲ್ಲಿ ಹಂದಿಯ ಮಾಂಸವನ್ನು ಬಾಯಿಯಲ್ಲಿ ಹೇಳುವುದೂ ಇಲ್ಲ, ಬಾಯಿಗೆ ಇಡುವುದೂ ಇಲ್ಲ. ಪಕ್ಕದ ಮನೆಯಲ್ಲೇ ನನ್ನ ಅಕ್ಕ ಗುಲಾಬಿ. ದೈವದ ವಿಷಯದಲ್ಲಿ ಅವಳ ಮುಂದೆ ಉಸಿರೆತ್ತುವ ಹಾಗಿಲ್ಲ. ಅದಕ್ಕಿಂತ ಹೆಚ್ಚಾಗಿ ಅವಳ ಮಗಳು ಆಶಾಲತಾಳ ಮದುವೆ ಗೊತ್ತಾಗುವುದರಲ್ಲಿತ್ತು. ನಮ್ಮ ಬಂಟರಲ್ಲಿ ಸೊಸೆಯ ಮದುವೆಗೆ ಸೋದರಮಾವನೇ ಮುಂದೆ ಕೂರಬೇಕು. ಬರುವ ಭಾನುವಾರ ದಿನ ನಿಶ್ಚಯಿಸಲು ಹುಡುಗನ ಕಡೆಯವರು ಬರುವವರಿದ್ದರು. ಬ್ಯಾಂಕಿನ ಕೆಲಸದ ಆ ಹುಡುಗನನ್ನು ನೋಡಿದಂದಿನಿಂದ ನಮ್ಮ ಆಶಾ ಹಾಲಿಗೆ ಉಪ್ಪು, ಸಾರಿಗೆ ಸಕ್ಕರೆ ಹಾಕುತ್ತಿದ್ದಳು. ಇಂಥ ಹೊತ್ತಿನಲ್ಲಿ ಮದುಮಗಳ ಮಾವನ ಹೊಟ್ಟೆಯಲ್ಲಿ ಹುಳವೇ? ಅದೂ ಹಂದಿಯ ಹುಳವೇ?

ಬಸ್ಸಿನಲ್ಲಿ ಪಡೀಲಿಗೆ ಬರುವಾಗ ಥಟ್ಟನೆ ಹೊಳೆಯಿತು. ವಿದ್ಯೆ ಇರುವುದು ಯಾತಕ್ಕೆ?

"ಡಾಕ್ಟರು ಎಂತ ಹೇಳಿದ್ರು?" ಎಂದಳು ಶಶಿಪ್ರಭಾ.

"ಸೆಸ್ಟೋಡ್," ಎಂದೆ ಗಂಭೀರವಾಗಿ.

ನೋಡಿ, ನಾನು ಸುಳ್ಳು ಹೇಳಲಿಲ್ಲ. ಸೆಸ್ಟೋಡಾ ಎಂಬ ವರ್ಗಕ್ಕೆ ಸೇರಿದ, ಪಟ್ಟಿಯಂತೆ ಉದ್ದಕ್ಕೆ ಚಪ್ಪಟೆಯಾಗಿ, ಇನ್ನೊಬ್ಬರ ಕರುಳಿನಲ್ಲಿ ಬಾಡಿಗೆ ಕೊಡದೆ ವಾಸಿಸುವ ಹುಳುಗಳಿಗೆಲ್ಲ ಸೆಸ್ಟೋಡ್ ಎಂದೇ ಹೆಸರು. ಸೊಂಟಪಟ್ಟಿಗೆ ಗ್ರೀಕರು ಹೇಳುತ್ತಿದ್ದ ಮಾತಿನಿಂದ ಹುಟ್ಟಿದ ಶಬ್ದ ಅದು. ಗ್ರೀಕರದ್ದು ಸೊಂಟಪಟ್ಟಿ, ನಮ್ಮದು ಚಡ್ಡಿಯ ಲಾಡಿ, ವ್ಯತ್ಯಾಸ ಅಷ್ಟೇ. ಆದರೆ ನನ್ನ ಮರ್ಯಾದೆಯೆಲ್ಲ ಆ ವ್ಯತ್ಯಾಸದ ಮೇಲೆಯೇ ನಿಂತಿತ್ತು!

"ಅದು ಎಲ್ಲಿ ಆಗುವುದು?"

"ಕರುಳಿನಲ್ಲಿ."

"ದೊಡ್ಡದುಂಟಾ?"

"ಬಿಟ್ಟರೆ ಬೆಳೆಯುತ್ತಾ ಹೋಗ್ತದೆ."

"ಯಾವಾಗಿಂದ ಉಂಟಂತೆ?"

"ವರ್ಷಗಟ್ಟಲೆ ಇದ್ದರೂ ಕೆಲವರಿಗೆ ಗೊತ್ತೇ ಆಗುವುದಿಲ್ಲ."

"ಮದ್ದು?"

"ಇಲ್ಲಿ ಸಿಗುವುದಿಲ್ಲ. ಬೊಂಬಾಯಿಯಿಂದ ಬರಬೇಕು."

ಹೇಳಿದ ಒಂದೊಂದು ಮಾತೂ ಅಪ್ಪಟ ಸತ್ಯ! ಆದರೆ ಶಶಿಪ್ರಭಾಳ ಕೈಯಿಂದ ಸೌಟು ಕೆಳಗೆ ಬಿತ್ತು. ಅವಳು ಸೆರಗಿನಿಂದ ಬಾಯಿ ಮುಚ್ಚಿಕೊಂಡು ಹಿತ್ತಿಲ ಬಾಗಿಲಿನಿಂದ ಅಕ್ಕನ ಮನೆಗೆ ಓಡಿದಳು. ಅಕ್ಕನ ಮನೆಯಿಂದ ಬಂದ "ಗಡ್ಡೆಯಾ!" ಎಂಬ ಕೂಗು ಕೇಳಿ ರಸ್ತೆಯಲ್ಲಿ ಹೋಗುವವರು ನಿಂತರು. ಮರುದಿನ ಬೆಳಿಗ್ಗೆ ಪಡೀಲಿಗೆ ಪಡೀಲೇ ನನ್ನನ್ನು ನೋಡಲು ಬಂತು!

ಕೈಯಲ್ಲಿ ಮೂಸಂಬಿ, ಬ್ರೆಡ್ಡು, ಹಾರ್ಲಿಕ್ಸ್. ಮುಖದಲ್ಲಿ ಹನ್ನೆರಡನೆಯ ದಿನದ ಕಳೆ. "ಎಷ್ಟು ಒಳ್ಳೆಯ ಜನ!" ಎಂದು ಒಬ್ಬರು ನನ್ನ ಎದುರಿಗೇ ಹೇಳಿದರು. "ಆಗಿದ್ದರು" ಎನ್ನುವುದೊಂದೇ ಬಾಕಿ. ಪಾಪ, ಕಜೆಟನ್ ಕೂಡ ಬಂದ. "ಹೆದರ್ಬೇಡಿ ರೈಗಳೇ, ಮಗ್ದಲೀನ್ ಬಿಕರ್ನಕಟ್ಟೆಯ ಬಾಲಯೇಸುವಿಗೆ ಮೇಣದಬತ್ತಿಯ ಹರಕೆ ಹೇಳಿಕೊಂಡಿದ್ದಾಳೆ," ಎಂದು ಕಣ್ಣೊರೆಸಿಕೊಂಡ. ಯಾರ ಮನೆಯ ಹಂಡೆಯಿಂದ ಬಂದದ್ದು, ಯಾರ ಮನೆಯ ಮೇಣದಬತ್ತಿ! ನಾನು ಗೋಡೆಯ ಕಡೆ ತಿರುಗಿ ಮಲಗಿದೆ.

ಇವರಿಗೆಲ್ಲ ಎಷ್ಟು ಸಲ ಹೇಳುವುದು, ನನಗೇನೂ ಆಗಿಲ್ಲ ಎಂದು? ಹೇಳಿದಷ್ಟೂ "ಧೈರ್ಯ ನೋಡಿ!" ಎಂದು ಮತ್ತಷ್ಟು ಅಳುತ್ತಾರೆ. ಮನೆಯಲ್ಲಿ ಮೀನು ಬಂದ್. ಕೋಳಿ ಬಂದ್. ಮೂರು ಹೊತ್ತೂ ಗಂಜಿ. ಗಂಜಿಯನ್ನು ನಾನು ಕುಡಿದರೆ ಅದರ ಪಾಲು ಒಳಗಿನವನಿಗೆ. ತಂದ ಮೂಸಂಬಿಯನ್ನೆಲ್ಲ ನನ್ನ ಮಕ್ಕಳೇ ಮುಗಿಸಿದರು. ಒಂದು ವಾರದಲ್ಲಿ ನಾನು ನಿಜವಾಗಿಯೂ ಸಾಯುವವನ ಹಾಗೆ ಕಾಣತೊಡಗಿದೆ!

ಭಾನುವಾರ ಬಂತು. ಹುಡುಗನ ಸೋದರಮಾವ ಸಂಕಪ್ಪ ಆಳ್ವರು ಅಕ್ಕನ ಮನೆಗೆ ಬಂದರು. ಪೇಟೆಯಲ್ಲಿ ಮೀನೂಟದ ಹೋಟೆಲು ನಡೆಸುವ ಜನ. ಮಾತು ಕಡಿಮೆ, ತೂಕ ಜಾಸ್ತಿ. ಬರುವಾಗ ಜೊತೆಗೆ ಬರಬೇಕಾಗಿದ್ದ ಹೆಂಗಸರನ್ನು ಕರೆತಂದಿರಲಿಲ್ಲ. ತಟ್ಟೆಯಲ್ಲಿಟ್ಟ ವೀಳ್ಯದೆಲೆಯನ್ನೂ ಮುಟ್ಟಲಿಲ್ಲ. ಅಕ್ಕನ ಮುಖ ಆಗಲೇ ಬಾಡಿತು.

"ನಿತ್ಯಾನಂದರೇ, ನೇರ ಕೇಳ್ತೇನೆ, ಬೇಜಾರು ಮಾಡ್ಬೇಡಿ," ಎಂದರು. "ಮಾವನ ಕಾಯಿಲೆ ಸೊಸೆಗೆ ಬರ್ತದಲ್ಲಾ?"

"ಎಂತ ಹೇಳ್ತೀರಿ! ಇದು ವಂಶದಲ್ಲಿ ಬರುವಂಥದ್ದಲ್ಲ!"

"ಅದು ನಿಮ್ಮ ಪುಸ್ತಕದಲ್ಲಿ. ನಮ್ಮಲ್ಲಿ ಮನೆ ಬರುವುದು ಮಾವನಿಂದ, ಗದ್ದೆ ಬರುವುದು ಮಾವನಿಂದ, ಯಜಮಾನಿಕೆ ಬರುವುದು ಮಾವನಿಂದ. ಕಾಯಿಲೆ ಒಂದು ಮಾತ್ರ ಅಪ್ಪನಿಂದ ಬರ್ತದಾ?"

ತಾಯಿಯ ಕಡೆಯಿಂದ ಕುಲ ಎಣಿಸುವ ಅಳಿಯಕಟ್ಟು ನಮ್ಮದು. ಸರಕಾರ ಕಾನೂನು ಬದಲಿಸಿ ಬಹುಕಾಲವಾಗಿತ್ತು, ಆದರೆ ಜನರ ತಲೆಯೊಳಗೆ ಯಾವ ಸರಕಾರ ನುಗ್ಗೀತು? ಬಟಾಣಿ ಗಿಡ ನೆಟ್ಟು ವಂಶದ ಗುಟ್ಟು ಕಂಡುಹಿಡಿದ ಆ ಪಾದ್ರಿ ಪಡೀಲಿನಲ್ಲಿ ಹುಟ್ಟಿದ್ದರೆ, ಬಟಾಣಿಯ ಬಣ್ಣವೂ ಸೋದರಮಾವನಿಂದಲೇ ಬರುತ್ತದೆ ಎಂದು ಬರೆಯುತ್ತಿದ್ದರು!

"ಹೌದಲ್ವಾ!" ಎಂದಳು ಬಾಗಿಲ ಮರೆಯಿಂದ ನನ್ನ ಧರ್ಮಪತ್ನಿ. ಒಂದು ವಾರದಲ್ಲಿ ಮೊದಲ ಸಲ ಅವಳ ಧ್ವನಿಯಲ್ಲಿ ಜೀವ ಬಂದಿತ್ತು. "ಹಾಗಾದ್ರೆ ನಮ್ಮ ಮಕ್ಕಳಿಗೆ ಬರುವುದಿಲ್ಲ. ಅವರು ನನ್ನ ಬಳಿಯವರು, ನನ್ನ ಕುಲದವರು, ಇವರದ್ದಲ್ಲ!"

"ನೀನು ಸುಮ್ಮನಿರ್ತೀಯಾ!" ಎಂದು ಕಿರುಚಿದೆ. "ಆಳ್ವರೇ, ಇದು ರಕ್ತದಿಂದ ಬರುವುದಲ್ಲ. ತಿಂದ ಆಹಾರದಿಂದ ಬರುವುದು!"

"ಎಂತ ಆಹಾರ?"

ಎಂತ ಆಹಾರ! ಅಕ್ಕ ನನ್ನನ್ನೇ ನೋಡುತ್ತಿದ್ದಳು. ಅವಳ ಹಿಂದೆ ದೈವದ ಕೋಣೆಯ ಬಾಗಿಲು ನನ್ನನ್ನೇ ನೋಡುತ್ತಿತ್ತು. ಕಾಲೇಜಿನ ಯಾವುದೋ ಪಾಠ ನೆನಪಾಯಿತು: ಚಳಿದೇಶಗಳ ಮೀನಿನಲ್ಲೂ ಒಂದು ಜಾತಿಯ ಸೆಸ್ಟೋಡ್ ಇದೆ. ಮುಳುಗುವವನಿಗೆ ಅಷ್ಟು ಸಾಲದೇ?

"ಮೀನು," ಎಂದೆ.

ಸಂಕಪ್ಪ ಆಳ್ವರ ಮುಖ ಮೆಲ್ಲಮೆಲ್ಲನೆ ಕೆಂಪಾಯಿತು.

"ಮೊನ್ನೆ ಮಾತುಕತೆಗೆ ಬಂದವರು ನನ್ನ ಹೋಟೆಲಿನಲ್ಲಿ ಊಟ ಮಾಡಿದ್ರಲ್ಲಾ? ಅಂಜಲ್ ಫ್ರೈ ಕೇಳಿ ಕೇಳಿ ಹಾಕಿಸ್ಕೊಂಡ್ರಲ್ಲಾ?"

"ಛೇ ಛೇ, ಆ ಮೀನಲ್ಲ..."

"ಮತ್ತೆ ಯಾವ ಮೀನು? ನಿಮ್ಮ ಮನೆಗೂ ನನ್ನ ಹೋಟೆಲಿಗೂ ಬರುವುದು ಒಂದೇ ಬಂದರದ ಮೀನು! ಮಂಗಳೂರಿನಲ್ಲಿ ಕೂತು ಮೀನಿಂದ ಕಾಯಿಲೆ ಬರ್ತದೆ ಅಂತ ಹೇಳುವ ಮನುಷ್ಯನನ್ನು ನಾನು ಈಗಷ್ಟೇ ನೋಡುವುದು! ಸಂಬಂಧವೂ ಬೇಡ, ಎಂತದೂ ಬೇಡ. ನಮಸ್ಕಾರ!"

ಶಲ್ಯ ಕೊಡವಿ ಹೆಗಲಿಗೆ ಹಾಕಿಕೊಂಡು ಎದ್ದರು. ಅಕ್ಕ ಕಂಬಕ್ಕೆ ಒರಗಿದಳು. ಆಗ ಒಳಗಿನಿಂದ ಆಶಾಲತಾ ಬಂದಳು. ದಿನ ನಿಶ್ಚಯವಾಗುತ್ತದೆಂದು ಉಟ್ಟ ಹೊಸ ಸೀರೆ, ಮುಡಿದ ಮಲ್ಲಿಗೆ, ಅತ್ತು ಕೆಂಪಾದ ಕಣ್ಣು. ಹಿರಿಯರ ಎದುರು ಎಂದೂ ಬಾಯಿ ತೆರೆಯದ ಹುಡುಗಿ.

"ಮಾವ, ನಿಮ್ಮ ಕಾಲಿಗೆ ಬೀಳ್ತೇನೆ. ನಿಮಗೆ ಎಂತ ಆಗಿದೆ? ನಮಗೆ ಅರ್ಥ ಆಗುವ ಹಾಗೆ ಒಂದ್ಸಲ ಹೇಳಿ. ನೀವು ಸಾಯ್ತೀರಿ ಅಂತಾದ್ರೆ ನನಗೆ ಮದುವೆಯೂ ಬೇಡ."

ಅಯ್ಯೋ! ಸಂಬಂಧ ಮುರಿದದ್ದಕ್ಕೆ ಅತ್ತಿದ್ದಾಳೆ ಎಂದುಕೊಂಡಿದ್ದೆ. ಅವಳು ನನಗಾಗಿ ಅತ್ತಿದ್ದಳು. ಅವಳು ಹುಟ್ಟಿದಾಗ ಮೊದಲು ಎತ್ತಿಕೊಂಡವನು ನಾನು. ನಾಚಿಕೆಯಿಂದ ಕಿವಿ ಬಿಸಿಯಾಯಿತು. ಲ್ಯಾಟಿನು, ಗ್ರೀಕು ಎಲ್ಲ ಒಟ್ಟಿಗೆ ಓಡಿಹೋದವು.

"ಹುಳ!" ಎಂದು ಕೂಗಿದೆ. "ಹೊಟ್ಟೆಯಲ್ಲಿ ಹುಳ, ಮಾರಾಯ್ತಿ! ಹಂದಿ ತಿಂದು ಬಂದ ಹುಳ! ಮಾತ್ರೆ ನುಂಗಿದರೆ ಹೋಗ್ತದೆ, ನಾನು ಸಾಯುವುದೂ ಇಲ್ಲ, ಗೀಯುವುದೂ ಇಲ್ಲ!"

"ಹಂದಿ!" ಎಂದು ಅಕ್ಕ ಕಂಬ ಬಿಟ್ಟು ನೆಟ್ಟಗೆ ನಿಂತಳು.

"ಹುಳವಾ!" ಎಂದಳು ಶಶಿಪ್ರಭಾ. "ಒಂದು ವಾರ ನಾನು ಅತ್ತದ್ದು ಹುಳಕ್ಕಾ?"

ಸಂಕಪ್ಪ ಆಳ್ವರ ಒಂದು ಕಾಲು ಚಪ್ಪಲಿಯೊಳಗಿತ್ತು, ಇನ್ನೊಂದು ಮೆಟ್ಟಿಲ ಮೇಲಿತ್ತು. ಅವರು ಹಾಗೆಯೇ ತಿರುಗಿದರು.

"ಎಲ್ಲಿ ತಿಂದದ್ದು?"

"ಬಿಜೈಯಲ್ಲಿ. ಸ್ನೇಹಿತನ ಮನೆಯಲ್ಲಿ. ಉಪ್ಪು ನೋಡುವಾಗ."

"ಬೇಯುವ ಮೊದಲೇ?"

"ಮೊದಲೇ."

"ಎಷ್ಟು ತುಂಡು?"

"ಉಪ್ಪು ಸರಿಯಾಗುವವರೆಗೆ."

ಆಳ್ವರು ಹೊಟ್ಟೆ ಹಿಡಿದುಕೊಂಡು ನಗತೊಡಗಿದರು. ನಗುತ್ತಲೇ ಚಪ್ಪಲಿ ಕಳಚಿದರು. ನಗುತ್ತಲೇ ಬಂದು ಕುರ್ಚಿಯಲ್ಲಿ ಕುಳಿತರು.

"ಅಂದ್ರೆ ಇದು ಬಾಯಿಂದ ಬಂದದ್ದು, ಬಳಿಯಿಂದ ಬಂದದ್ದಲ್ಲ! ಅದನ್ನು ಆಗಲೇ ಹೇಳ್ಬಾರ್ದಾ ಮಾರಾಯ್ರೆ? ಆಸೆಬುರುಕ ಮಾವ ಯಾರ ಮನೆಯಲ್ಲಿಲ್ಲ? ಗುಲಾಬಿ ಅಕ್ಕಾ, ವೀಳ್ಯದ ತಟ್ಟೆ ಈಚೆ ತನ್ನಿ. ಆದರೆ ಒಂದು ಷರತ್ತು."

"ಎಂತದು?" ಎಂದೆ.

"ನಮ್ಮ ಕಡೆಯವರಿಗೆಲ್ಲ ನಿಮ್ಮ ಕಾಯಿಲೆಯ ಸುದ್ದಿ ಮುಟ್ಟಿದೆ. ಮದುವೆ ದಿನ ಛತ್ರದ ಬಾಗಿಲಲ್ಲಿ ನಿಂತು ಜನರನ್ನು ಎದುರುಗೊಳ್ಳುವವರು ನೀವು. ಕೇಳಿದವರಿಗೆ ಆ ಇಂಗ್ಲಿಷ್ ಹೆಸರು ಹೇಳ್ಬೇಡಿ. ಹುಳ ಅಂತ ಹೇಳಿ. ನಾವು ಮರ್ಯಾದಸ್ಥರು. ನಮ್ಮ ನೆಂಟರಿಗೆ ಹುಳ ಇರಬಹುದು, ಅಡ್ಡಿಲ್ಲ. ಆ ಇನ್ನೊಂದು ಮಾತ್ರ ಇರಬಾರದು!"

ಬೊಂಬಾಯಿಯ ಮಾತ್ರೆ ಬಂತು, ಒಳಗಿನವನು ಹೋದ. ಅಕ್ಕ ನನ್ನನ್ನು ದೈವದ ಕೋಣೆಯ ಎದುರು ನಿಲ್ಲಿಸಿ ಅಚ್ಚ ತುಳುವಿನಲ್ಲಿ ತಪ್ಪು ಒಪ್ಪಿಸಿ ಕಾಣಿಕೆ ಹಾಕಿಸಿದಳು. ಶಶಿಪ್ರಭಾ ಒಂದು ವಾರದ ಕಣ್ಣೀರಿಗೆ ಒಂದು ತಿಂಗಳು ಮಾತು ಬಿಟ್ಟಳು. ಮದುವೆ ದಿನ ನಾನು ರೇಷ್ಮೆ ಶಲ್ಯ ಹೊದ್ದು, ಕೈ ಜೋಡಿಸಿ ಬಾಗಿಲಲ್ಲಿ ನಿಂತೆ.

"ನಮಸ್ಕಾರ, ಹೇಗಿದ್ದೀರಿ? ಅದು ಎಂತದೋ ಉಂಟಂತೆ..."

"ಹುಳ. ಹೊಟ್ಟೆಯಲ್ಲಿ ಹುಳ ಇತ್ತು, ಹೋಯಿತು. ಬನ್ನಿ, ಬನ್ನಿ."

"ಅಯ್ಯೋ, ಹುಷಾರಿದ್ದೀರಾ? ನಾವು ಕೇಳಿದ್ದು..."

"ಹುಳ ಸ್ವಾಮೀ, ಬರೀ ಹುಳ. ಊಟ ಮಾಡಿಕೊಂಡೇ ಹೋಗಬೇಕು."

ಪನ್ನೀರು ಚಿಮುಕಿಸುತ್ತಾ ಪಕ್ಕದಲ್ಲೇ ನಿಂತಿದ್ದ ಶಶಿಪ್ರಭಾ ಒಬ್ಬರನ್ನೂ ಹಾಗೇ ಬಿಡಲಿಲ್ಲ. ನಾನು ಮರೆತರೆ ಅವಳೇ "ಕೇಳಿ, ಇವರಿಗೆ ಎಂತ ಆಗಿತ್ತು ಅಂತ ಕೇಳಿ," ಎಂದು ನಿಲ್ಲಿಸುತ್ತಿದ್ದಳು.

ಕೊನೆಗೆ ಹುಡುಗನ ಅಜ್ಜಿ ಬಂದರು. ಬೆನ್ನು ಬಾಗಿದ, ಬೊಚ್ಚು ಬಾಯಿಯ ಹಿರಿಯ ಜೀವ. ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ನನ್ನ ಹೊಟ್ಟೆಯನ್ನು ಪ್ರೀತಿಯಿಂದ ತಟ್ಟಿದರು.

"ಬೆಲ್ಲ ಕದ್ದು ತಿನ್ಬೇಡ ಮಗಾ. ಬೆಲ್ಲ ತಿಂದ್ರೆ ಹುಳ ಆಗ್ತದೆ."

ಬಿ.ಎಸ್ಸಿ. ಜೂವಾಲಜಿ ಗಂಟಲವರೆಗೆ ಉಕ್ಕಿ ಬಂತು. "ಅಜ್ಜೀ, ಬೆಲ್ಲಕ್ಕೂ ಸೆಸ್ಟೋ..." ಎನ್ನುವಷ್ಟರಲ್ಲಿ ಪನ್ನೀರುದಾನಿ ನನ್ನ ಪಕ್ಕೆಗೆ ಬಲವಾಗಿ ತಿವಿಯಿತು. ಆಚೆಯಿಂದ ಸಂಕಪ್ಪ ಆಳ್ವರ ಕಣ್ಣು, ಮಂಟಪದಿಂದ ಆಶಾಲತಾಳ ಕಣ್ಣು.

"ಆಯ್ತು ಅಜ್ಜೀ," ಎಂದೆ ಕೈಕಟ್ಟಿ ನಿಂತು. "ಇನ್ನು ಕದ್ದು ತಿನ್ನುವುದಿಲ್ಲ."